ಅಳಿಸುವ ಮುನ್ನ: ಒಂದು ಹೆಸರಿನ ಹಿಂದಿನ ಚರಿತ್ರೆ

2016ರ ನಂತರ ವಿಂಡೋಸ್ ಕಂಪ್ಯೂಟರಿನ ಪ್ರೋಗ್ರಾಂಗಳ ಪಟ್ಟಿಯಲ್ಲಿ ‘ವಲ್ಕನ್ ರನ್‌ಟೈಮ್ ಲೈಬ್ರರೀಸ್’ ಎಂಬ ಹೆಸರು ಕಂಡು ಹಲವರು ಗಾಬರಿಯಾದರು. ತಾವು ಹಾಕಿಕೊಳ್ಳದೆ ಬಂದದ್ದು ವೈರಸ್ಸೇ ಇರಬೇಕೆಂದು ಅಳಿಸಿದವರೂ ಉಂಟು. ಅದು ವೈರಸ್ ಅಲ್ಲ. ಗ್ರಾಫಿಕ್ಸ್ ಕಾರ್ಡಿನ ಡ್ರೈವರ್ ಜೊತೆಗೆ ಬಂದ ಮಧ್ಯಸ್ಥ. ಆಟ ಕೊಡುವ ಆಜ್ಞೆಗಳನ್ನು, ಆ ಕಂಪ್ಯೂಟರಿನಲ್ಲಿ ಯಾವ ಕಂಪನಿಯ ಡ್ರೈವರ್ ಇದೆಯೋ ಅದಕ್ಕೆ ದಾಟಿಸುವುದು ಅದರ ಕೆಲಸ.

ಈ ಮಧ್ಯಸ್ಥಿಕೆ ಹಳೆಯದು. ಒಂದೊಂದು ಕಂಪನಿಯ ಚಿಪ್ಪಿಗೂ ಅದರದೇ ನುಡಿ. ಎಲ್ಲದಕ್ಕೂ ಬೇರೆ ಬೇರೆಯಾಗಿ ತಂತ್ರಾಂಶ ಬರೆಯುವುದು ಆಗದ ಮಾತು. 1980ರ ದಶಕದಲ್ಲಿ ಅಮೆರಿಕದ ಸಿಲಿಕಾನ್ ಗ್ರಾಫಿಕ್ಸ್ ಕಂಪನಿ ತನ್ನ ಯಂತ್ರಗಳಿಗೆಂದೇ ‘ಐರಿಸ್ ಜಿಎಲ್’ ರೂಪಿಸಿಕೊಂಡಿತ್ತು. 1992ರಲ್ಲಿ ಅದನ್ನೇ ತಿದ್ದಿ, ಉಳಿದವರೂ ಬಳಸಬಹುದಾದ ‘ಓಪನ್‌ಜಿಎಲ್’ ಮಾಡಿತು. ಅದರ ನಿಯಮಗಳನ್ನು ಹಲವು ಕಂಪನಿಗಳ ಮಂಡಳಿಯೊಂದು ತೀರ್ಮಾನಿಸುತ್ತಿತ್ತು.

ಎಲ್ಲರೂ ಈ ದಾರಿ ಹಿಡಿಯಲಿಲ್ಲ. 1995ರಲ್ಲಿ ಮೈಕ್ರೋಸಾಫ್ಟ್ ವಿಂಡೋಸ್‌ಗೆಂದು ‘ಡೈರೆಕ್ಟ್‌ಎಕ್ಸ್’ ತಂದಿತು. ಮರುವರ್ಷ ತ್ರೀಡಿಎಫ್‌ಎಕ್ಸ್ ಕಂಪನಿಯ ವೂಡೂ ಕಾರ್ಡ್ ಬಂತು. ಜೊತೆಗೆ, ಆ ಕಂಪನಿಯ ಕಾರ್ಡುಗಳಿಗಷ್ಟೇ ತಿಳಿಯುವ ‘ಗ್ಲೈಡ್’. ವೇಗದ ಆಸೆಗೆ ಅನೇಕ ಆಟಗಳನ್ನು ಗ್ಲೈಡ್‌ಗೆಂದು ಬರೆದರು. 2000ದ ಕೊನೆಗೆ ಆ ಕಂಪನಿ ಸೋತು, ಅದರ ಆಸ್ತಿ ಎನ್ವಿಡಿಯಾ ಪಾಲಾಯಿತು. ಎನ್ವಿಡಿಯಾದ ಕಾರ್ಡುಗಳಿಗೆ ಗ್ಲೈಡ್ ಅರ್ಥವಾಗುತ್ತಿರಲಿಲ್ಲ. ಗ್ಲೈಡನ್ನೇ ನಂಬಿದ್ದ ಆಟಗಳು ಇವತ್ತಿಗೂ ಓಡುತ್ತಿದ್ದರೆ, ಅದರ ಆಜ್ಞೆಗಳನ್ನು ಬೇರೆ ಲೈಬ್ರರಿಗಳಿಗೆ ಅನುವಾದಿಸುವ ತಂತ್ರಾಂಶ ಬರೆದ ಹವ್ಯಾಸಿಗಳಿಂದ.

ಓಪನ್‌ಜಿಎಲ್ ಉಳಿಯಿತು, ಆದರೆ ಅದಕ್ಕೂ ವಯಸ್ಸಾಯಿತು. ಮೆಮೊರಿಯ ನಿರ್ವಹಣೆಯಂಥ ಕೆಲಸಗಳನ್ನು ಅದರಲ್ಲಿ ಡ್ರೈವರೇ ಊಹಿಸಿ ಮಾಡುತ್ತಿತ್ತು. ಹಲವು ಕೋರ್‌ಗಳ ಪ್ರೊಸೆಸರ್ ಬಂದಮೇಲೆ, ಕೆಲಸವನ್ನು ಅವುಗಳಿಗೆ ಹಂಚಲು ಆ ವಿಧಾನ ತೊಡಕಾಯಿತು. ಎಎಂಡಿ ಕಂಪನಿ 2013ರಲ್ಲಿ ‘ಮ್ಯಾಂಟಲ್’ ಎಂಬ ಬೇರೆ ವಿಧಾನ ತೋರಿಸಿತು: ಊಹೆ ಬೇಡ, ತಂತ್ರಾಂಶ ಬರೆಯುವವರೇ ಹೊಣೆ ಹೊರಲಿ. ಅದನ್ನು ತನ್ನಲ್ಲೇ ಇಟ್ಟುಕೊಳ್ಳದೆ, ಆ ಹೊತ್ತಿಗೆ ಓಪನ್‌ಜಿಎಲ್ ನೋಡಿಕೊಳ್ಳುತ್ತಿದ್ದ ಕ್ರೋನೋಸ್ ಒಕ್ಕೂಟಕ್ಕೆ ಕೊಟ್ಟಿತು. ಆ ಬುನಾದಿಯ ಮೇಲೆ 2016ರ ಫೆಬ್ರವರಿಯಲ್ಲಿ ವಲ್ಕನ್ ಬಂತು. ಎನ್ವಿಡಿಯಾ, ಎಎಂಡಿ, ಇಂಟೆಲ್ ಮೂರೂ ಪೈಪೋಟಿಯ ಕಂಪನಿಗಳು. ವಲ್ಕನ್ ಮೂರರ ಕಾರ್ಡಿನಲ್ಲೂ ನಡೆಯುತ್ತದೆ. ಆಂಡ್ರಾಯ್ಡ್ ಫೋನಿಗೂ ಬಂದಿದೆ.

ಅದನ್ನು ಅಳಿಸಿದರೆ ವಲ್ಕನ್ ಬೇಡುವ ಆಟ ತೆರೆಯುವುದಿಲ್ಲ. ಡ್ರೈವರನ್ನು ಮತ್ತೆ ಹಾಕಿದರೆ ಸರಿಹೋಗುತ್ತದೆ. ಗ್ಲೈಡ್‌ಗೆ ಆ ಭಾಗ್ಯ ಇರಲಿಲ್ಲ. ಒಡೆಯನೊಬ್ಬನೇ ಆಗಿದ್ದರಿಂದ, ಅವನು ಹೋದಮೇಲೆ ಮತ್ತೆ ಹಾಕಿಕೊಡುವವರು ಯಾರೂ ಉಳಿಯಲಿಲ್ಲ.