ರಾತ್ರಿ ಗುಂಡಿನ ಬೆಳಕು ನೋಡಿ ಬಂದೂಕು ಗುರುತಿಸಬಹುದಾ?

ಗುಂಡು ಹಾರಿದಾಗ ನಳಿಕೆಯಿಂದ ನುಗ್ಗುವ ಬಿಸಿ ಅನಿಲ, ಹೊರಗಿನ ಆಮ್ಲಜನಕ ಸಿಕ್ಕಿದ ಕೂಡಲೇ ಮತ್ತೆ ಹೊತ್ತಿಕೊಳ್ಳುತ್ತೆ. ಕತ್ತಲಲ್ಲಿ ಕಾಣೋ ದೊಡ್ಡ ಮಿಂಚು ಅದೇ: ಮಝಲ್ ಫ್ಲಾಶ್.

ಗುಂಡು ಒಂದೇ ಆದರೆ, ನಳಿಕೆ ಗಿಡ್ಡವಾದಷ್ಟೂ ಮಿಂಚು ಜಾಸ್ತಿ. ಎಂ16 ರೈಫಲ್‌ನ ನಳಿಕೆ 508 ಮಿ.ಮೀ., ಎಂ4ರದ್ದು 368; ಹಾಗಾಗಿ ಎಂ4 ಹೆಚ್ಚು ಮಿಂಚುತ್ತೆ. .22 ರೈಫಲ್‌ನಲ್ಲಿ ಮದ್ದು ಕಡಿಮೆ, ಅದು ನಳಿಕೆಯೊಳಗೇ ಉರಿದು ಮುಗಿಯುತ್ತೆ. ಮಿಂಚು ಕಾಣೋದೇ ಕಷ್ಟ. ಆದರೆ ಮದ್ದಿನ ಬಗೆ ಬದಲಾದರೆ, ತುದಿಗೆ ಫ್ಲಾಶ್ ಹೈಡರ್ ಹಾಕಿದರೆ ಈ ಲೆಕ್ಕವೆಲ್ಲ ತಲೆಕೆಳಗು.

ಮೊಬೈಲ್ ವಿಡಿಯೊ ಇನ್ನೂ ಗೊಂದಲ. ಮಿಂಚಿನ ಆಯುಷ್ಯ ಕೆಲವೇ ಮಿಲಿಸೆಕೆಂಡು. ಕತ್ತಲಿಗೆ ಹೊಂದಿಕೊಂಡ ಕ್ಯಾಮೆರಾ ಅದನ್ನು ಹಿಗ್ಗಿಸಿ ತೋರಿಸಬಹುದು, ಅರ್ಧಕ್ಕೇ ಕತ್ತರಿಸಲೂಬಹುದು.

ಹಾಗಾಗಿ ವೈರಲ್ ಕ್ಲಿಪ್ ನೋಡಿ ‘ಗುಂಡು ಹಾರಿಸಿದ್ದು ಇವರೇ’ ಅಂತ ತೀರ್ಪು ಕೊಡಬೇಡಿ. ಗುಂಡಿನ ಮೇಲಿನ ಗೀರು, ಖಾಲಿ ತೋಟಾದ ಮೇಲಿನ ಗುರುತು ಕೇಳಿ.