ಕಪೊಡಿಸ್ಟ್ರಿಯಸ್: ರಾಯಭಾರದಿಂದ ರಾಜ್ಯಭಾರಕ್ಕೆ

ಸ್ವತಂತ್ರ ಗ್ರೀಸಿನ ಮೊದಲ ರಾಜ್ಯಪಾಲ ಇಯೊವಾನಿಸ್ ಕಪೊಡಿಸ್ಟ್ರಿಯಸ್‌ನನ್ನು ಕುರಿತು ಆ ನಾಡಿನಲ್ಲಿ ಒಂದು ಐತಿಹ್ಯ ಪ್ರಚಲಿತವಿದೆ. ಯುದ್ಧದಿಂದ ಕಂಗೆಟ್ಟ ಜನರ ಹಸಿವು ನೀಗಲೆಂದು ಆತ ಆಲೂಗೆಡ್ಡೆ ತರಿಸುತ್ತಾನೆ. ಕಂಡರಿಯದ ಆ ಗೆಡ್ಡೆಯನ್ನು ಯಾರೂ ಮುಟ್ಟುವುದಿಲ್ಲ. ಆಗ ಆತ ಅದನ್ನು ನಾಫ್ಲಿಯೊ ಬಂದರಿನಲ್ಲಿ ರಾಶಿ ಹಾಕಿಸಿ, ಸುತ್ತ ಕಾವಲುಗಾರರನ್ನು ನಿಲ್ಲಿಸುತ್ತಾನೆ. ಇಷ್ಟು ಕಾವಲಿರುವುದು ಬೆಲೆಬಾಳುವ ವಸ್ತುವೇ ಇರಬೇಕೆಂದು ಜನ ಕದಿಯತೊಡಗುತ್ತಾರೆ. ಕಂಡೂ ಕಾಣದಂತಿರಲು ಕಾವಲುಗಾರರಿಗೆ ಮೊದಲೇ ಅಪ್ಪಣೆಯಾಗಿರುತ್ತದೆ.

ಇದೇ ಕತೆಯನ್ನು ಫ್ರಾನ್ಸಿನಲ್ಲಿ ಪರ್ಮಾಂಟಿಯೆಯ ಬಗೆಗೂ ಪ್ರಷ್ಯಾದಲ್ಲಿ ದೊರೆ ಫ್ರೆಡರಿಕ್‌ನ ಬಗೆಗೂ ಹೇಳುತ್ತಾರೆ. ಹಾಗಾಗಿ ಇದು ಊರಿಂದೂರಿಗೆ ಸಂಚರಿಸಿದ ಐತಿಹ್ಯವೇ ಹೊರತು ಚರಿತ್ರೆಯ ಸಾಕ್ಷ್ಯವಲ್ಲ. ಆದರೂ ಗ್ರೀಕರು ಇದನ್ನು ಈತನಿಗೇ ಏಕೆ ಹೊಂದಿಸಿಕೊಂಡರು ಎಂಬುದು ವಿಚಾರಯೋಗ್ಯ.

1776ರಲ್ಲಿ ಕೊರ್ಫು ದ್ವೀಪದಲ್ಲಿ ಹುಟ್ಟಿ, ಪಾದುವಾದಲ್ಲಿ ವೈದ್ಯಶಾಸ್ತ್ರ ಕಲಿತ ಈತ 1809ರಲ್ಲಿ ರಷ್ಯಾದ ಸೇವೆಗೆ ಸೇರಿದ. 1813ರಲ್ಲಿ ಸ್ವಿಟ್ಜರ್ಲೆಂಡಿಗೆ ನಿಯುಕ್ತನಾಗಿ, ಪರಸ್ಪರ ಮುನಿಸಿಕೊಂಡಿದ್ದ ಅಲ್ಲಿನ ಪ್ರಾಂತ್ಯಗಳನ್ನು ಒಂದು ಒಕ್ಕೂಟದ ಒಪ್ಪಂದಕ್ಕೆ ತರುವುದರಲ್ಲಿ ಮುಖ್ಯ ಪಾತ್ರ ವಹಿಸಿದ. ಬಲಪ್ರಯೋಗವಿಲ್ಲದೆ ಒಪ್ಪಿಸುವ ಈ ಜಾಣ್ಮೆಯನ್ನೇ ಐತಿಹ್ಯವೂ ಆತನಲ್ಲಿ ಕಾಣುತ್ತದೆ. ವಿಯೆನ್ನಾ ಸಮ್ಮೇಳನದ ತರುವಾಯ, 1816ರಿಂದ ನೆಸ್ಸೆಲ್ರೋಡನೊಂದಿಗೆ ರಷ್ಯಾದ ವಿದೇಶಾಂಗ ವ್ಯವಹಾರಗಳನ್ನು ನಿರ್ವಹಿಸಿದ. 1821ರಲ್ಲಿ ಗ್ರೀಕರು ತುರ್ಕರ ವಿರುದ್ಧ ಬಂಡೆದ್ದಾಗ ತ್ಸಾರ್ ಅಲೆಕ್ಸಾಂಡರ್ ಬೆಂಬಲಿಸಲಿಲ್ಲ. ಒಡೆಯನ ನೀತಿಗೂ ತಾಯ್ನಾಡಿನ ಕರೆಗೂ ನಡುವೆ ಸಿಲುಕಿದ ಈತ 1822ರಲ್ಲಿ ಅಧಿಕಾರ ಬಿಟ್ಟು ಜಿನೀವಾ ಸೇರಿದ.

1827ರಲ್ಲಿ ತ್ರೆಝೆನ್‌ನ ರಾಷ್ಟ್ರೀಯ ಸಭೆ ಏಳು ವರ್ಷಗಳ ಅವಧಿಗೆ ಈತನನ್ನು ರಾಜ್ಯಪಾಲನನ್ನಾಗಿ ಆರಿಸಿತು. 1828ರ ಜನವರಿಯಲ್ಲಿ ಬಂದಿಳಿದಾಗ ಕಂಡದ್ದು ಬರಿದಾದ ಬೊಕ್ಕಸ. ‘ಫೀನಿಕ್ಸ್’ ನಾಣ್ಯ ಟಂಕಿಸಿದ್ದು, ಏಜಿನಾದಲ್ಲಿ ಅನಾಥಾಲಯ ಕಟ್ಟಿಸಿದ್ದು, ಸಂಬಳ ನಿರಾಕರಿಸಿದ್ದು ಎಲ್ಲವೂ ಶ್ಲಾಘನೀಯವೇ. ಆದರೆ ಅದೇ ವರ್ಷ ಆತ ಸಂವಿಧಾನವನ್ನು ಅಮಾನತಿನಲ್ಲಿರಿಸಿ, 27 ಸದಸ್ಯರ ಸಲಹಾ ಮಂಡಲಿಯೊಂದಿಗೆ ಆಳತೊಡಗಿದ.

ಪಾಳೆಯಗಾರರಂತಿದ್ದ ಸ್ಥಳೀಯ ಮನೆತನಗಳಿಗೆ ಇದು ಸಹ್ಯವಾಗಲಿಲ್ಲ. ಯುದ್ಧದಲ್ಲಿ ಹಡಗು ಕಳೆದುಕೊಂಡ ಹೈಡ್ರಾದ ವರ್ತಕರು ಪರಿಹಾರ ಕೇಳುತ್ತಿದ್ದರು. ಮಾನಿ ಸೀಮೆಯವರು ತೆರಿಗೆಯನ್ನು ಸರ್ಕಾರಕ್ಕೆ ಬಿಟ್ಟುಕೊಡಲು ಒಪ್ಪಲಿಲ್ಲ. ಸ್ವಿಟ್ಜರ್ಲೆಂಡಿನಲ್ಲಿ ತೋರಿದ ತಾಳ್ಮೆ ಇಲ್ಲಿ ಕಾಣಿಸಲಿಲ್ಲ. ಮಾನಿಯ ಮುಖಂಡ ಪೆತ್ರೊಸ್ ಮವ್ರೊಮಿಖಾಲಿಸ್‌ನನ್ನು ಸೆರೆಯಲ್ಲಿಟ್ಟದ್ದು ಆ ಮನೆತನದ ದೃಷ್ಟಿಯಲ್ಲಿ ರಾಜಕೀಯ ಕ್ರಮವಾಗಿರದೆ ಕುಲಕ್ಕಾದ ಅಪಮಾನವಾಗಿತ್ತು. ಕುಲದ್ವೇಷವನ್ನು ರಕ್ತದಿಂದಲೇ ತೀರಿಸಿಕೊಳ್ಳುವ ಸಂಪ್ರದಾಯ ಮಾನಿಯಲ್ಲಿ ಜೀವಂತವಾಗಿದ್ದ ಕಾಲವದು. 1831ರ ಅಕ್ಟೋಬರ್ 9ರಂದು ನಾಫ್ಲಿಯೊದ ಸಂತ ಸ್ಪಿರಿಡಾನ್ ಚರ್ಚಿನ ಬಾಗಿಲಲ್ಲಿ ಪೆತ್ರೊಸ್‌ನ ತಮ್ಮ ಕಾನ್‌ಸ್ಟಂಟಿನೊಸ್ ಮತ್ತು ಮಗ ಗಿಯೊರ್ಗಿಯೊಸ್ ಕಪೊಡಿಸ್ಟ್ರಿಯಸ್‌ನನ್ನು ಕೊಂದರು.

ಉತ್ತರಾಧಿಕಾರಿಯಾದ ತಮ್ಮ ಅಗುಸ್ಟಿನೊಸ್ ಮರುವರ್ಷವೇ ಅಧಿಕಾರ ತ್ಯಜಿಸಿದ. ಯುರೋಪಿನ ಬಲಿಷ್ಠ ರಾಷ್ಟ್ರಗಳು ಆರಿಸಿದ ಬವೇರಿಯಾದ ರಾಜಕುಮಾರ ಒಟ್ಟೊ, 17ರ ಹರೆಯದಲ್ಲಿ, 1833ರಲ್ಲಿ ಅದೇ ನಾಫ್ಲಿಯೊದಲ್ಲಿ ಗ್ರೀಸಿನ ದೊರೆಯಾಗಿ ಬಂದಿಳಿದ.