ಪವಾಡಕ್ಕೂ ಮೊದಲು ನಡೆದದ್ದು

ಪೂಜೆಯಲ್ಲಿ ಅರ್ಪಿಸಿದ ರೊಟ್ಟಿ ಕ್ರಿಸ್ತನ ದೇಹವೇ ಆಗುತ್ತದೆ ಎಂಬುದು ಕಥೋಲಿಕರ ನಂಬಿಕೆ. ಆ ಪರಮಪ್ರಸಾದದ ಸುತ್ತ ಮಧ್ಯಯುಗದ ಯುರೋಪಿನಲ್ಲಿ ಹಲವು ಪವಾಡಕಥೆಗಳು ಹುಟ್ಟಿದವು. ಅವುಗಳಲ್ಲಿ ಬವೇರಿಯಾದ ಡೆಗೆನ್‌ಡಾರ್ಫ್ ಊರಿನದು ನನ್ನನ್ನು ಕಾಡುತ್ತದೆ.

1338ರಲ್ಲಿ ಅಲ್ಲಿಯ ಜನ ನೆರೆಯ ಯಹೂದಿಗಳನ್ನು ಕೊಂದು ದೋಚಿದರು. ಡ್ಯೂಕ್ ಹೈನ್ರಿಖ್ ಅವರನ್ನು ಕ್ಷಮಿಸಿ, ದೋಚಿದ್ದನ್ನು ಅವರಿಗೇ ಬಿಟ್ಟ. ಯಹೂದಿಗಳು ಪ್ರಸಾದವನ್ನು ಹಿಂಸಿಸಿದರು, ಆದರೂ ಅದು ಅಳಿಯಲಿಲ್ಲ ಎಂಬ ಕಥೆ ಹುಟ್ಟಿದ್ದು ಆಮೇಲೆ. ಅದನ್ನು ನಂಬಿ ಶತಮಾನಗಳ ಕಾಲ ಯಾತ್ರಿಕರು ಬಂದರು.

1992ರಲ್ಲಿ ಬಿಷಪರು ಯಾತ್ರೆ ನಿಲ್ಲಿಸಿದರು. ಅದಕ್ಕೆ ದಾರಿ ಮಾಡಿದ್ದು ಮಾನ್‌ಫ್ರೆಡ್ ಎಡರ್ ಅವರ ಪಿಎಚ್‌.ಡಿ. ಪ್ರಬಂಧ.

ನಾನೂ ಪ್ರಬಂಧ ಬರೆಯುತ್ತಿರುವವನೇ. 'ಯಾರು ಓದುತ್ತಾರೋ ಇದನ್ನ?' ಎಂದು ಅಮ್ಮ ಕೇಳಿದಾಗಲೆಲ್ಲ ಡೆಗೆನ್‌ಡಾರ್ಫ್ ನೆನಪಾಗುತ್ತದೆ. ಪವಾಡವನ್ನು ನಂಬುವುದು ಬಿಡುವುದು ಭಕ್ತರಿಗೆ ಸೇರಿದ್ದು. ಸತ್ತವರು ಯಾರೆಂದು ಹೇಳುವುದು ನಮ್ಮ ಕೆಲಸ.